ಎದುರು ಮನೆಯ ಚೀಸಪ್ಪ

ಟೊಮೆಟೊ ಹಣ್ಣಿಗಿಂತ ಮೊದಲು ಅವಳಿಗೆ ಪರಿಚಯವಾದದ್ದು ಟೊಮೆಟೊ ಎಲೆಯ ವಾಸನೆ.

ತಾತ ಹಿತ್ತಲಿನಿಂದ ಒಳಗೆ ಬಂದವರೇ ಬೆರಳುಗಳನ್ನು ಅವಳ ಮೂಗಿನ ಹತ್ತಿರ ಹಿಡಿಯುತ್ತಿದ್ದರು. ಹಸಿರು ವಾಸನೆ... ಸ್ವಲ್ಪ ಕಹಿ, ಸ್ವಲ್ಪ ಬಿಸಿಲು, ಉಗುರಿನ ಸಂದಿಯ ಮಣ್ಣು. "ಏನು ಮುಟ್ಟಿ ಬಂದೆ, ಹೇಳು ನೋಡೋಣ?" ಎಂದರೆ ಅವಳು ಕಣ್ಣು ಮುಚ್ಚಿಕೊಂಡು ಹೇಳಿಬಿಡುತ್ತಿದ್ದಳು.

"ಇದು ಹುಡುಗಿಯಲ್ಲ, ಇರುವೆ! ಸಕ್ಕರೆ ಡಬ್ಬ ಎಲ್ಲಿಟ್ಟರೂ ಉಳಿಯಲ್ಲ!" ಎಂದು ತಾತ ನಗುತ್ತಿದ್ದರು. ತಾತ ಹೋದರು, ಹಿತ್ತಲೂ ಹೋಯಿತು. ಇರುವೆ ಎಂಬ ಹೆಸರು ಮಾತ್ರ ಉಳಿದುಕೊಂಡಿತು.

ಆ ಸಂಜೆ ಕೆಳಗಿನ ಲಾಂಡ್ರಿಯ ಬಾಗಿಲೆಳೆದು ಮೆಟ್ಟಿಲು ಹತ್ತುವಾಗ ಇರುವೆಯ ಮೂಗಿಗೆ ಟೊಮೆಟೊ ಬೇಯುವ ಘಮ ಬಂದು ತಾಗಿತು. 'ಆಹಾ...' ಎಂದುಕೊಳ್ಳುವಷ್ಟರಲ್ಲಿ ಅದರ ಬಣ್ಣವೇ ಬದಲಾಯಿತು. ಬೆಳ್ಳುಳ್ಳಿ ಸೀದು, ಟೊಮೆಟೊ ತಳ ಹಿಡಿದು, ಅದರ ಮೇಲೆ ಪ್ಲಾಸ್ಟಿಕ್ ಹಿಡಿ ಕರಗುವ ಕಮಟು!

ಎದುರು ಮನೆ! ಮೊನ್ನೆ ಮೊನ್ನೆ ಯಾರೋ ಬಂದು ಸೇರಿಕೊಂಡ ಮನೆ!

ಧಡಧಡ ಬಾಗಿಲು ಬಡಿದಳು.

ಬಾಗಿಲು ತೆರೆದವನು ಹೆಗಲ ಮೇಲೊಂದು ಟವೆಲ್ ಹಾಕಿಕೊಂಡು, ಮುಗುಳ್ನಗುತ್ತಾ ನಿಂತಿದ್ದ. ಅವನ ಬೆನ್ನ ಹಿಂದೆ ಅಡುಗೆಮನೆಯ ತುಂಬ ಹೊಗೆ.

"ಬನ್ನಿ... ಯಾರು ಬೇಕಿತ್ತು?"

"ಯಾರು ಬೇಕಿತ್ತಾ! ಏನ್ರೀ, ಮೂಗಿಲ್ವಾ ನಿಮಗೆ?"

ಅವನ ನಗು ಫಕ್ಕನೆ ಆರಿಹೋಯಿತು. ಒಂದು ಬೈಗುಳಕ್ಕೆ ಅಷ್ಟೊಂದು ಬಿಳಿಚಿಕೊಳ್ಳುವ ಗಂಡಸನ್ನು ಅವಳು ಅದುವರೆಗೆ ನೋಡಿರಲಿಲ್ಲ.

ಉತ್ತರಕ್ಕೆ ಕಾಯದೆ ಒಳಗೆ ನುಗ್ಗಿ ಗ್ಯಾಸ್ ಆರಿಸಿದಳು. ಬಾಣಲೆಯನ್ನು ಸಿಂಕಿಗೆ ಹಾಕಿ ನಲ್ಲಿ ತಿರುಗಿಸಿದಳು. ಕಿಟಕಿ ತೆರೆದಳು. ಆಮೇಲೆ ತಿರುಗಿ ನೋಡಿದರೆ ಆತ ಆಗಷ್ಟೇ ಹೊಗೆಯನ್ನು ಕಂಡವನಂತೆ ಕಣ್ಣು ಕಣ್ಣು ಬಿಡುತ್ತಿದ್ದ.

"ಆ ಕೋಣೇಲಿ ಪೆಟ್ಟಿಗೆ ಬಿಚ್ತಾ ಇದ್ದೆ. ಅದೂ ಅಲ್ದೆ... ನೆಗಡಿ. ಮೂಗು ಕಟ್ಟಿದೆ."

ನೆಗಡಿಯೇ? ದನಿ ಗಂಟೆಯ ಹಾಗೆ ಸ್ವಚ್ಛವಾಗಿತ್ತು. ಮೂಗಿನ ತುದಿ ಕೆಂಪಾಗಿರಲಿಲ್ಲ. ಕೈಯಲ್ಲಿ ಕರವಸ್ತ್ರವಿರಲಿಲ್ಲ.

'ಸುಳ್ಳು!' ಎಂದಿತು ಅವಳ ಮನಸ್ಸು. 'ಇಷ್ಟು ಸಣ್ಣ ವಿಷಯಕ್ಕೆ ಯಾರಾದರೂ ಯಾಕೆ ಸುಳ್ಳು ಹೇಳುತ್ತಾರೆ?'

ಅಷ್ಟರಲ್ಲಿ ಚಿಕ್ಕಮ್ಮ ಬಕೆಟ್ ತುಂಬ ನೀರು ಹಿಡಿದು ಏದುಸಿರು ಬಿಡುತ್ತಾ ಬಂದರು. ಲಾಂಡ್ರಿ ಅವರದು, ಮನೆ ಅವರದು, ತಾಯಿಯಿಲ್ಲದ ಇರುವೆಯನ್ನು ಸಾಕಿದ ಕೈಯೂ ಅವರದೇ.

"ಬೆಂಕಿ ಎಲ್ಲೇ?"

"ಬೆಂಕಿ ಇಲ್ಲ ಚಿಕ್ಕಮ್ಮ, ಬರೀ ಹೊಗೆ."

"ಬೆಂಕಿ ಇಲ್ದೆ ಹೊಗೆ ಆಡುತ್ತೇನೇ?" ಎನ್ನುತ್ತಾ ಚಿಕ್ಕಮ್ಮ ಹೊಸ ಬಾಡಿಗೆದಾರನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ಏನಪ್ಪಾ ನಿನ್ನ ಕೆಲಸ?"

"ಚೀಸ್ ಕಾರ್ಖಾನೇಲಮ್ಮ. ಮಾಗಿದ ಚೀಸಿನ ವಾಸನೆ, ರುಚಿ ನೋಡಿ ಇದು ಪಾಸು, ಇದು ಫೇಲು ಅಂತ ಹೇಳೋದು."

"ಅಂದ್ರೆ ತಿನ್ನೋದಕ್ಕೇ ಸಂಬಳ! ಪುಣ್ಯವಂತ ಕಣಪ್ಪ ನೀನು, ಚೀಸಪ್ಪ!"

ಅಷ್ಟೇ. ಅವತ್ತಿನಿಂದ ಆ ಕಟ್ಟಡಕ್ಕೆಲ್ಲ ಅವನು ಚೀಸಪ್ಪ.

"ಇರುವೆ, ಪಾಪ ಹಸಿದಿದ್ದಾನೆ. ಏನಾದ್ರೂ ಮಾಡಿಕೊಟ್ಟು ಬಾ," ಎಂದು ಅಪ್ಪಣೆ ಕೊಟ್ಟು ಚಿಕ್ಕಮ್ಮ ಬಕೆಟ್ ಸಮೇತ ಹೊರಟುಹೋದರು.

ಬುಟ್ಟಿಯಲ್ಲಿ ಇನ್ನೂ ಒಂದಿಷ್ಟು ಟೊಮೆಟೊ ಇದ್ದವು. ಅವಳು ದೊಡ್ಡ ಪಾತ್ರೆಯಲ್ಲಿ ನೀರಿಟ್ಟು, ಕುದಿ ಬಂದಾಗ ಉಪ್ಪು ಹಾಕಿ ಪಾಸ್ತಾ ಸುರಿದಳು. ಪಕ್ಕದ ಒಲೆಯಲ್ಲಿ ಇನ್ನೊಂದು ಬಾಣಲೆಯಿಟ್ಟು ಎಣ್ಣೆ ಕಾಯಿಸಿ, ಜಜ್ಜಿದ ಬೆಳ್ಳುಳ್ಳಿ ಹೊಂಬಣ್ಣಕ್ಕೆ ಬರುತ್ತಿದ್ದಂತೆ ಟೊಮೆಟೊ ಹಾಕಿ ಸೌಟಿನ ಬೆನ್ನಿನಿಂದ ಅದುಮಿದಳು. ಚುಂಯ್ ಎಂದ ಸದ್ದಿಗೆ ಆತ ಹತ್ತಿರ ಬಂದ.

"ಪಾಸ್ತಾ ಬೆಂದ ನೀರನ್ನ ಪೂರ್ತಿ ಚೆಲ್ಲಬಾರದು. ಒಂದು ಸೌಟು ಇದಕ್ಕೆ ಹಾಕಿದ್ರೆ ಟೊಮೆಟೊ, ಚೀಸು ಎಲ್ಲ ಒಂದಾಗಿ ಹೊಂದಿಕೊಳ್ಳುತ್ತೆ. ಚೀಸ್ ತುರೀತೀರಾ? ಅದನ್ನಾದ್ರೂ ಸುಡದೆ ಮಾಡಿ."

ಅವನು ನಕ್ಕ. ಚೀಸ್ ತುರಿದಿಟ್ಟು, ಇನ್ನೊಂದು ಕೆಲಸ ಮಾಡಿದ. ಬಿಸಿ ಬಾಣಲೆಯ ಹಿಡಿ ಅವಳ ಮೊಣಕೈಗೆ ತಾಗುವಂತಿತ್ತು. ಅದನ್ನು ಮೆಲ್ಲನೆ ತನ್ನ ಕಡೆಗೆ ತಿರುಗಿಸಿಟ್ಟ. ಇಸ್ತ್ರಿಯ ಬಿಸಿಯಲ್ಲಿ ದಿನವಿಡೀ ನಿಲ್ಲುವ ಹುಡುಗಿಗೆ ಅಂಥದ್ದು ಕಾಣದೆ ಇರುತ್ತದೆಯೇ? ಕಂಡಿತು. ಕಂಡೂ ಕಾಣದಂತೆ ಇದ್ದಳು.

ಊಟವಾದ ಮೇಲೆ ಅವನು ಬಿಳಿ ಬಟ್ಟೆಯಲ್ಲಿ ಸುತ್ತಿದ ಒಂದು ಚೂರು ಚೀಸ್ ತಂದು ಅವಳ ಮುಂದಿಟ್ಟ.

"ಇದರ ವಾಸನೆ ಹೇಗಿದೆ, ಹೇಳ್ತೀರಾ? ನನಗೆ... ನೆಗಡಿ ನೋಡಿ."

ಇರುವೆ ಕಣ್ಣು ಮುಚ್ಚಿದಳು. "ರಜೆ ಮುಗಿದ ಮೇಲೆ ತೆರೆದ ಶಾಲೆಯ ಚೀಲದ ಹಾಗಿದೆ. ಚರ್ಮ, ಪೆನ್ಸಿಲ್ಲು... ತಳದಲ್ಲೆಲ್ಲೋ ಮರೆತುಬಿಟ್ಟ ಬಾಳೆಹಣ್ಣು."

ಕಣ್ಣು ತೆರೆದಾಗ ಆತ ಉಸಿರು ಬಿಗಿಹಿಡಿದು ಅವಳನ್ನೇ ನೋಡುತ್ತಿದ್ದ. ತುಟಿಗಳು ಅವಳ ಮಾತನ್ನೇ ಸದ್ದಿಲ್ಲದೆ ಮತ್ತೊಮ್ಮೆ ಆಡುತ್ತಿದ್ದವು. ಇಷ್ಟು ಗಮನವಿಟ್ಟು ಯಾರೂ ಅವಳ ಮಾತು ಕೇಳಿರಲಿಲ್ಲ. ಎದೆ ಯಾಕೋ ಒಮ್ಮೆ ಜೋರಾಗಿ ಹೊಡೆದುಕೊಂಡಿತು.

'ಸುಮ್ಮನಿರು,' ಎಂದು ಎದೆಗೆ ಹೇಳಿಕೊಂಡಳು. 'ನೆಗಡಿ ಅಂತ ಸುಳ್ಳು ಹೇಳಿದ ಮನುಷ್ಯ ಇವನು!'

ಇರುವೆಗೆ ಅನುಮಾನ ಹುಟ್ಟುಗುಣವಲ್ಲ, ಕಸುಬಿನಿಂದ ಬಂದದ್ದು. ಲಾಂಡ್ರಿಗೆ ಬರುವ ಬಟ್ಟೆಗಳು ಬಾಯಿ ಬಿಟ್ಟು ಮಾತಾಡುತ್ತವೆ. ಸಿಗರೇಟು ಬಿಟ್ಟೆ ಎಂದು ಮನೆಯಲ್ಲಿ ಆಣೆಯಿಟ್ಟವನ ಕೋಟು, ಕೆಲಸವಿತ್ತು ಎಂದು ಹೇಳಿ ಬೇರೊಬ್ಬಳ ಸೆಂಟಿನ ವಾಸನೆ ಹೊತ್ತು ತಂದವನ ಅಂಗಿ, ಎಲ್ಲವೂ ಮೊದಲು ಹಾದುಹೋಗುವುದು ಅವಳ ಮೂಗಿನ ಕೆಳಗೇ. ಹಾಗಾಗಿ ಜನ ಹೇಳಿದ್ದಕ್ಕಿಂತ ಅವರ ಕಾಲರು ಹೇಳಿದ್ದನ್ನು ನಂಬುವುದು ಅವಳಿಗೆ ಅಭ್ಯಾಸ.

ಚೀಸ್ ಕಾರ್ಖಾನೆಯ ಕೋಟುಗಳು ಒಗೆಯಲು ಬರುತ್ತಿದ್ದುದೂ ಅವರ ಲಾಂಡ್ರಿಗೇ. ರುಚಿ ನೋಡುವವರದು ಬಿಳಿ ಕೋಟು, ಉಪ್ಪುನೀರಿನ ತೊಟ್ಟಿಗಳಲ್ಲಿ ಕೆಲಸ ಮಾಡುವವರದು ದಪ್ಪ ಬೂದು ಕೋಟು. ಆ ವಾರ ಅವನ ಬಿಳಿ ಕೋಟನ್ನು ಎತ್ತಿ, ಚಿಕ್ಕಮ್ಮ ಆಚೆ ತಿರುಗಿದ್ದು ನೋಡಿ, ಕಾಲರಿಗೆ ಮೂಗಿಟ್ಟಳು. ಹಾಲು, ಉಪ್ಪು, ಸಾದಾ ಸೋಪು. ಬೇರೆ ಯಾರ ವಾಸನೆಯೂ ಇಲ್ಲ.

"ಏನಂತೆ ಕಾಲರು?" ಚಿಕ್ಕಮ್ಮನ ದನಿ.

"ಕೊಳೆ ನೋಡ್ತಿದ್ದೆ!"

"ಕೊಳೆನ ಕಣ್ಣಲ್ಲಿ ನೋಡ್ತಾರೆ, ಮೂಗಲ್ಲಲ್ಲ. ನೋಡು ಇರುವೆ, ಹುಡುಗ ಒಳ್ಳೆಯವನ ಹಾಗೆ ಕಾಣ್ತಾನೆ. ಆದ್ರೂ ಬೆಳ್ಳಗಿರೋದೆಲ್ಲ ಹಾಲಲ್ಲ. ನೋಡಿಕೊಂಡು ಹೆಜ್ಜೆ ಇಡು."

ಅವಳು ಹೆಜ್ಜೆ ಇಡುವ ಅಗತ್ಯವೇ ಬೀಳಲಿಲ್ಲ. ಅವನೇ ಬರತೊಡಗಿದ. ಕೆಲಸ ಮುಗಿಸಿ ಬಂದ ಸಂಜೆಗಳಲ್ಲಿ ಎದುರು ಬಾಗಿಲು ತೆರೆದ ಸದ್ದು, ಆಮೇಲೆ ಇವರ ಬಾಗಿಲ ಮೇಲೆ ಮೃದುವಾದ ಟಕ್ ಟಕ್. ಒಂದು ಕೈಯಲ್ಲಿ ಟೊಮೆಟೊ, ಇನ್ನೊಂದು ಕೈಯಲ್ಲಿ ಬಿಳಿ ಬಟ್ಟೆಯ ಪೊಟ್ಟಣ. ಯಾರ ಮನೆಯ ಒಲೆಯಾದರೂ ಸರಿ, ಕಾಲುಗಂಟೆಯಲ್ಲಿ ಪಾಸ್ತಾ ಸಿದ್ಧ. ಚಿಕ್ಕಮ್ಮನಿಗೆ ಮೆತ್ತಗೆ ಬೇಯಿಸಿದ್ದು, ಇರುವೆಗೆ ಚೀಸ್ ಜಾಸ್ತಿ. ಹೇಳಿಕೊಡದೆಯೇ ಅವನು ಅದನ್ನು ನೆನಪಿಟ್ಟುಕೊಂಡಿದ್ದ. ಅಂಚು ಒಡೆದ ತಟ್ಟೆ ಮಾತ್ರ ಯಾವಾಗಲೂ ಅವನ ಪಾಲಿಗೇ ಹೋಗುತ್ತಿತ್ತು.

ಎಲ್ಲ ಚೆನ್ನಾಗಿತ್ತು. ಆದರೆ ಊಟದ ಕೊನೆಗೆ ಆ ಪೊಟ್ಟಣ ಬಿಚ್ಚಿಕೊಳ್ಳುತ್ತಿತ್ತು.

"ಇದು ಹೇಗಿದೆ, ಹೇಳ್ತೀರಾ?"

ಒಂದು ಭಾನುವಾರ ತೆಳ್ಳಗೆ ಕೊಯ್ದ ಚೂರು. ಅವತ್ತು ರಜೆ, ಮನಸ್ಸು ಹಗುರವಾಗಿತ್ತು. "ಬಿಸಿಲಿಗೆ ಹಾಕಿ ಮಡಿಸಿದ ಕಂಬಳಿಯ ಹಾಗಿದೆ!" ಎಂದಳು.

ಮುಂದೊಂದು ದಿನ ಚೌಕ ಚೌಕ ತುಂಡು. "ಹೊಸ ಪುಸ್ತಕ ತೆರೆದ ಹಾಗೆ."

ಇನ್ನೊಂದು ದಿನ ಪುಡಿಪುಡಿ ಮಾಡಿದ್ದು. ಅವತ್ತು ಚಿಕ್ಕಮ್ಮನ ಜತೆ ಇಸ್ತ್ರಿಯ ವಿಷಯಕ್ಕೆ ಜಟಾಪಟಿಯಾಗಿತ್ತು. ಸಿಟ್ಟು ಮೂಗಿನ ತುದಿಯಲ್ಲೇ ಇತ್ತು. "ಮುದುಕರ ಕಾಲುಚೀಲ!" ಎಂದುಬಿಟ್ಟಳು.

ಅವನು ಪ್ರತಿ ಸಲವೂ ಒಂದು ವಿಚಿತ್ರ ನಗು ನಕ್ಕು, "ಹೌದಾ... ಸರಿ," ಎನ್ನುತ್ತಿದ್ದ.

ಆ ನಗುವಿನ ಹಿಂದೆ ಏನಿದೆ? ರುಚಿ ನೋಡುವುದೇ ಕೆಲಸವಾದವನು ತಾನು ಮೊದಲು ಮೂಸಿ ನೋಡದೆ ಇವಳ ಮುಂದೆ ಯಾಕೆ ಹಿಡಿಯುತ್ತಾನೆ? ಒಂದು ನೆಗಡಿ ಎಷ್ಟು ದಿನ ಇದ್ದೀತು? ಇವಳು ತಿನ್ನುವಾಗ ಮುಖವನ್ನೇ ಹಾಗೆ ನೋಡುತ್ತಾನಲ್ಲ... ಅದು ಪ್ರೀತಿಯೇ? ಇಲ್ಲ, ಬೇರೇನಾದರೂ ಲೆಕ್ಕಾಚಾರವೇ?

ಕಾಮಾಲೆ ಕಣ್ಣಿಗೆ ಕಾಣುವುದೆಲ್ಲ ಹಳದಿ ಎಂದು ತನ್ನನ್ನೇ ಬೈದುಕೊಂಡಳು. ಆದರೂ ಅನುಮಾನದ ಹುಳು ಒಳಗೆ ಹೊಕ್ಕರೆ ಸುಮ್ಮನೆ ಕೂರುತ್ತದೆಯೇ? ಒಂದು ಸಂಜೆ ಅವಳು ಅವನಿಗೊಂದು ಪರೀಕ್ಷೆ ಇಟ್ಟೇಬಿಟ್ಟಳು.

ಎಂದಿನಂತೆ ಅವನು ಬಾಯ್ತುಂಬ ಹೊಗಳುವ ಟೊಮೆಟೊ, ಬೆಳ್ಳುಳ್ಳಿ, ಚೀಸ್. ಅದರ ಮೇಲೆ ಏನೂ ಇಲ್ಲ. ತಟ್ಟೆ ಅವನ ಮುಂದಿಟ್ಟು ತೀರಾ ಸಹಜವಾಗಿ ಹೇಳಿದಳು.

"ಇವತ್ತು ಜಾಯಿಕಾಯಿ ತುರಿದು ಹಾಕಿದ್ದೀನಿ. ಜಾಸ್ತಿ ಆಯ್ತಾ ಅಂತ ಭಯ."

ಅವನು ಒಂದು ತುತ್ತು ಬಾಯಿಗಿಟ್ಟ. ತಲೆದೂಗಿದ.

"ಇಲ್ಲ ಇಲ್ಲ, ಹದವಾಗಿದೆ. ಜಾಯಿಕಾಯಿ ಘಮಘಮ ಅಂತಿದೆ!"

ಅವಳ ಕೈಯಲ್ಲಿದ್ದ ಚಮಚ ಅಲ್ಲೇ ನಿಂತಿತು. ಆ ಮನೆಯಲ್ಲಿ ಜಾಯಿಕಾಯಿಯೇ ಇರಲಿಲ್ಲ!

'ಹಾಗಾದರೆ ಇಷ್ಟು ದಿನ ಹೊಗಳಿದ್ದೆಲ್ಲ...? ಬಾಯಿ ತುದಿಯ ಮಾತು! ನನ್ನನ್ನು ಖುಷಿಪಡಿಸಿ ಏನು ಪಡೆಯಬೇಕಾಗಿದೆ ಇವನಿಗೆ?'

ಅವಳಿಗೆ ಊಟ ಸೇರಲಿಲ್ಲ. "ತಲೆನೋವು," ಎಂದು ಎದ್ದಳು. ಅವನು ಪಾತ್ರೆಗಳನ್ನೆಲ್ಲ ತೊಳೆದಿಟ್ಟು, ದೀಪದ ಬೆಳಕು ಅವಳ ಕಣ್ಣಿಗೆ ಬೀಳದಂತೆ ಕೋಣೆಯ ಬಾಗಿಲು ಓರೆ ಮಾಡಿ ಹೋದ. ಸುಳ್ಳುಗಾರನೊಬ್ಬ ಇಷ್ಟು ಮೆತ್ತಗೆ ಬಾಗಿಲು ಮುಚ್ಚಿದರೆ ಅದನ್ನು ಏನೆಂದು ತಿಳಿಯಬೇಕು?

ಮರುದಿನ ಕಾರ್ಖಾನೆಯ ಕೋಟುಗಳ ಗಂಟನ್ನು ವ್ಯಾನಿನವನ ಕೈಗೆ ಕೊಡಲಿಲ್ಲ ಅವಳು.

"ನಾನೇ ಕೊಟ್ಟು ಬರ್ತೀನಿ ಚಿಕ್ಕಮ್ಮ."

"ಯಾಕೆ, ವ್ಯಾನಿನ ಚಕ್ರ ಕಳಚಿಬಿತ್ತಾ?"

"ಗಾಳಿ ಸೇವನೆಗೆ."

"ಹೂಂ, ಹೂಂ. ಚೀಸಿನ ಗಾಳಿ."

ಕಾರ್ಖಾನೆಯ ಮುಂಭಾಗದಲ್ಲೇ ಅವರದೊಂದು ಮಾರಾಟದ ಅಂಗಡಿ. ಗಾಜಿನ ಪೆಟ್ಟಿಗೆಯ ಹಿಂದೆ ದುಂಡು ಮುಖದ ಅಂಗಡಿಯಾಕೆ ಒಬ್ಬ ಗಿರಾಕಿಗೆ ಚೀಸ್ ಕೊಯ್ದು ಕೊಡುತ್ತಿದ್ದರು. ಇರುವೆ ಗಂಟಿಳಿಸಿ ಬಾಗಿಲ ಬಳಿ ಕಾಯುತ್ತಾ ನಿಂತಳು.

"ಮೂಸಿ ನೋಡಿ ಸಾರ್," ಎನ್ನುತ್ತಿದ್ದರು ಆಕೆ. "ರಜೆ ಮುಗಿದ ಮೇಲೆ ತೆರೆದ ಶಾಲೆಯ ಚೀಲದ ಹಾಗಿಲ್ವಾ? ಚರ್ಮ, ಪೆನ್ಸಿಲ್ಲು, ತಳದಲ್ಲೊಂದು ಮರೆತ ಬಾಳೆಹಣ್ಣು! ನಮ್ಮ ರುಚಿ ನೋಡೋರು ಹೇಳಿದ ಮಾತು ಇದು. ಮ್ಯಾನೇಜರ್ ಕೂಡ ಭೇಷ್ ಅಂದ್ರಂತೆ. ಏನು ಮೂಗು ಅಂತೀರಿ ಅವರದು!"

ಇರುವೆಗೆ ಕಾಲ ಕೆಳಗಿನ ನೆಲ ಸರಿದಂತಾಯಿತು.

ತನ್ನ ಮಾತು! ಅಕ್ಷರ ಅಕ್ಷರವೂ ತನ್ನದೇ! ಕಣ್ಣು ಮುಚ್ಚಿ ಹೃದಯ ತೆರೆದು ಹೇಳಿದ ಮಾತನ್ನು ತಂದು ಇಲ್ಲಿ ತನ್ನದೆಂದು ಮಾರಿಕೊಂಡನೇ?

ಈಗ ಎಲ್ಲವೂ ಒಂದಕ್ಕೊಂದು ಕೂಡಿಕೊಂಡವು. ಸೀದ ಬಾಣಲೆ, ಮುಗಿಯದ ನೆಗಡಿ, ಇಲ್ಲದ ಜಾಯಿಕಾಯಿ...

ಅವನಿಗೆ ವಾಸನೆಯೇ ತಿಳಿಯುವುದಿಲ್ಲ!

ಆ ಸಂಜೆ ಟಕ್ ಟಕ್ ಸದ್ದಾಗುವ ಮೊದಲೇ ಅವಳು ಬಾಗಿಲು ತೆರೆದು ನಿಂತಿದ್ದಳು. ಅವನ ಕೈಯಲ್ಲಿ ಪೊಟ್ಟಣವಿತ್ತು.

"ಎಷ್ಟು ದಿನದಿಂದ ಮೂಗು ಹೋಗಿದೆ?"

ಅವನು ನಿಂತಲ್ಲೇ ನಿಂತ. ಮೂಗು ಹಿಡಿದರೆ ಬಾಯಿ ತಾನಾಗಿ ತೆರೆದುಕೊಳ್ಳುತ್ತದೆ ಎನ್ನುತ್ತಾರೆ. ಅವನ ಬಾಯಿಯೂ ತೆರೆಯಿತು.

"ಚಳಿಗಾಲದಲ್ಲಿ ಜ್ವರ ಬಂದಿತ್ತು. ಜ್ವರ ಹೋಯ್ತು, ವಾಸನೇನೂ ಹೋಯ್ತು. ವಾಪಸ್ ಬರಬಹುದು, ಬರದೇನೂ ಇರಬಹುದು ಅಂದ್ರು ಡಾಕ್ಟರು. ಇದೊಂದು ಬಿಟ್ರೆ ಬೇರೆ ಕೆಲಸ ಗೊತ್ತಿಲ್ಲ ನನಗೆ. ಗೊತ್ತಾದ್ರೆ ತೆಗೆದುಹಾಕ್ತಾರೆ ಅಂತ..."

"ಅಂತ ನನ್ನ ಮೂಗನ್ನ ಬಾಡಿಗೆಗೆ ತಗೊಂಡ್ರಿ. ಒಂದು ತಟ್ಟೆ ಪಾಸ್ತಾ ಬಾಡಿಗೆ!"

"ಹಾಗಲ್ಲ. ಕೇಳಿ ಇಲ್ಲಿ..."

"ಶಾಲೆಯ ಚೀಲ ಯಾರದು? ನಿಮ್ಮದಾ, ನನ್ನದಾ?"

ಅವನು ತಲೆ ತಗ್ಗಿಸಿದ. "ನಿಮ್ಮದು. ಅದು ತಪ್ಪು. ಒಪ್ಕೋತೀನಿ."

ಅವನು ಜಗಳವಾಡಿದ್ದರೆ ಚೆನ್ನಾಗಿತ್ತು. ಇಷ್ಟು ಸುಲಭವಾಗಿ ಒಪ್ಪಿಕೊಂಡರೆ ಸಿಟ್ಟನ್ನು ಎಲ್ಲಿಡಬೇಕು?

"ಹಾಳಾದ ಚೀಸ್ ಒಂದನ್ನ ನನ್ನ ಮಾತು ನಂಬಿ ಪಾಸ್ ಮಾಡಿದ್ರೆ? ಅದನ್ನ ತಿಂದವರ ಗತಿ? ಅದು ಬಿಡಿ... ನನ್ನ ಗತಿ? ಬಾಗಿಲು ತಟ್ಟಿದಾಗಲೆಲ್ಲ ನಾನು ಏನೇನೋ ಅಂದುಕೊಂಡೆ. ನಿಮಗೆ ಬೇಕಾಗಿದ್ದು ನಾನಲ್ಲ. ನನ್ನ ಮೂಗು!"

ಬಾಗಿಲು ಹಾಕಿಕೊಂಡಳು. ಆಚೆ ಎಷ್ಟೋ ಹೊತ್ತು ಹೆಜ್ಜೆಯ ಸದ್ದಿರಲಿಲ್ಲ. ಕೊನೆಗೆ ಎದುರು ಬಾಗಿಲು ಮುಚ್ಚಿದ್ದು ಕೇಳಿಸಿತು. ಹಾಲಿಗೆ ಹುಳಿ ಹಿಂಡಿದಂತೆ ಅವಳ ಒಳಗೆ ಎಲ್ಲವೂ ಒಡೆದು ಬೇರೆ ಬೇರೆಯಾಯಿತು.

ಚಿಕ್ಕಮ್ಮ ಬಂದು ತಲೆದಿಂಬಿನ ಪಕ್ಕ ಒಂದು ಲೋಟ ನೀರಿಟ್ಟು, ಅವಳ ಕಾಲಿಗೆ ಹೊದಿಕೆ ಎಳೆದು ಹೋದರು.

ಆಮೇಲೆ ಅವನು ಬರಲಿಲ್ಲ. ಮೆಟ್ಟಿಲಲ್ಲಿ ಎದುರಾದರೆ ಗೋಡೆಗೆ ಸರಿದು ಅವಳಿಗೆ ದಾರಿ ಬಿಡುತ್ತಿದ್ದ. ಅವಳು ತಲೆಯೆತ್ತದೆ ಹಾದುಹೋಗುತ್ತಿದ್ದಳು.

'ನೋಡಿದೆಯಾ? ಮೂಗು ಸಿಗಲ್ಲ ಅಂತ ಗೊತ್ತಾದ ಮೇಲೆ ಬರುವುದೂ ನಿಂತಿತು!' ಎನ್ನುತ್ತಿತ್ತು ಮನಸ್ಸಿನ ಒಂದು ಮೂಲೆ. 'ಬಾಗಿಲು ಹಾಕಿದವಳು ನೀನು. ಅವನು ಹೇಗೆ ಬರಬೇಕು?' ಎನ್ನುತ್ತಿತ್ತು ಇನ್ನೊಂದು.

ಒಂದು ದಿನ ಕಾರ್ಖಾನೆಯ ಗಂಟು ಬಿಚ್ಚುತ್ತಿದ್ದವಳ ಕೈ ತಟ್ಟನೆ ನಿಂತಿತು. ಅದು ಬಿಳಿ ಕೋಟಲ್ಲ. ಉಪ್ಪುನೀರಲ್ಲಿ ನೆಂದು ನೆಂದು ಹಲಗೆಯಂತೆ ಸೆಟೆದ ಬೂದು ಕೋಟು. ಆದರೆ ಕಾಲರಿನಲ್ಲಿ ಆ ಸಾದಾ ಸೋಪು. ಕೋಟಿನ ಗುರುತುಚೀಟಿ ನೋಡುವ ಅಗತ್ಯವೇ ಬೀಳಲಿಲ್ಲ.

ಗಂಟಿನ ಜತೆ ತಮ್ಮದೊಂದು ಉಣ್ಣೆಯ ಕೋಟು ಕೊಡಲು ಬಂದಿದ್ದ ಕಾರ್ಖಾನೆಯ ಅಂಗಡಿಯಾಕೆ ಇನ್ನೂ ಲಾಂಡ್ರಿಯ ಕೌಂಟರಿನ ಹತ್ತಿರವೇ ನಿಂತಿದ್ದರು.

"ಈ ಕೋಟು... ಇದು ರುಚಿ ನೋಡೋರದಲ್ವಾ?"

"ಅಯ್ಯೋ, ಅದನ್ನೇನು ಕೇಳ್ತೀಯಮ್ಮ!" ಆಕೆ ಮೂಗಿನ ಮೇಲೆ ಬೆರಳಿಟ್ಟರು. "ಅವರಾಗೇ ಮ್ಯಾನೇಜರ ಹತ್ರ ಹೋಗಿ, ನನಗೆ ವಾಸನೆ ಗೊತ್ತಾಗಲ್ಲ, ಶಾಲೆಯ ಚೀಲದ ಮಾತೂ ನನ್ನದಲ್ಲ ಅಂತ ಹೇಳಿಬಿಟ್ರು. ಈಗ ಉಪ್ಪುನೀರಿನ ತೊಟ್ಟೀಲಿ ಚೀಸ್ ಮಗುಚೋ ಕೆಲಸ. ಕೈಯೆಲ್ಲ ಬಿರಿದುಹೋಗಿದೆ ಪಾಪ. ಸುಮ್ಮನಿದ್ದಿದ್ರೆ ಯಾರಿಗೆ ಗೊತ್ತಾಗ್ತಿತ್ತು? ರುಚಿ ನೋಡೋದು ಗುರುವಾರ ಒಂದೇ ದಿನ. ಪಕ್ಕದಲ್ಲಿ ಹಿರಿಯರೊಬ್ಬರು ಇದ್ದೇ ಇರ್ತಾರೆ. ಅವರು ಹೇಳಿದ್ದಕ್ಕೆ ಹೂಂ ಅಂದ್ರೆ ಸಾಕಿತ್ತು."

"ಗುರುವಾರ ಒಂದೇ ದಿನಾನಾ?"

"ಹೂಂ. ಬೇರೆ ದಿನ ಮಾಗಿಸೋ ಕೋಣೆಯಿಂದ ಒಂದು ಚೂರೂ ಹೊರಗೆ ಹೋಗೋ ಹಾಗಿಲ್ಲ."

ಇರುವೆಯ ಎದೆ ತುಂಬಿ ಬಂದದ್ದು ನಿಜ. ಅವನು ಸತ್ಯ ಹೇಳಿದ! ಕೆಲಸ ಹೋದರೂ ಹೋಗಲಿ ಎಂದು ಹೇಳಿದ! ಆದರೆ ಅದರ ಬೆನ್ನಿಗೇ ಇನ್ನೊಂದು ಅನುಮಾನ ತಲೆಯೆತ್ತಿತು. ಹಳೆಯ ಅಭ್ಯಾಸ, ಬಿಟ್ಟರೂ ಬಿಡದು.

ಗುರುವಾರ ಮಾತ್ರ ಎಂದರೆ... ಭಾನುವಾರ ತಂದದ್ದು ಯಾವ ಚೀಸ್? ಕದ್ದ ಮಾಲೇ?

ಸಂಜೆ ಮೆಟ್ಟಿಲು ಹತ್ತಿದವಳು ತನ್ನ ಬಾಗಿಲಿಗೆ ಹೋಗದೆ ಎದುರು ಬಾಗಿಲು ಬಡಿದಳು. ಅವನು ಒಣ ಬ್ರೆಡ್ಡಿನ ತುಂಡೊಂದನ್ನು ಕೈಯಲ್ಲಿ ಹಿಡಿದೇ ಬಾಗಿಲು ತೆರೆದ. ಮುಖ ಇಳಿದುಹೋಗಿತ್ತು. ಒಲೆ ತಣ್ಣಗಿತ್ತು.

"ಭಾನುವಾರ ತಂದಿದ್ರಲ್ಲ, ತೆಳ್ಳಗೆ ಕೊಯ್ದಿದ್ದು. ಎಲ್ಲಿಂದು ಅದು?"

ಅವನು ಇದನ್ನು ನಿರೀಕ್ಷಿಸಿರಲಿಲ್ಲ. "ಮೂಲೆ ಅಂಗಡೀದು. ದುಡ್ಡು ಕೊಟ್ಟು ತಂದಿದ್ದು."

"ಆಮೇಲಿನ ಚೌಕ ಚೌಕದ್ದು?"

"ಅದೂ... ಅದೇ."

"ಪುಡಿಪುಡಿದು?"

"ಅದೂ ಅದೇ." ಅವನು ತಲೆ ಕೆರೆದುಕೊಂಡ. "ಒಂದೇ ಗಡ್ಡೆ. ಮುಗಿಯೋ ತನಕ ಕೊಯ್ದು ಕೊಯ್ದು ತಂದೆ."

ಇರುವೆ ಗರಬಡಿದವಳಂತೆ ನಿಂತಳು.

"ನಾನು... ಕಂಬಳಿ ಅಂದೆ."

"ಹೂಂ."

"ಹೊಸ ಪುಸ್ತಕ ಅಂದೆ."

"ಅಂದ್ರಿ."

"ಮುದುಕರ ಕಾಲುಚೀಲ..."

"ಅವತ್ತು ಚಿಕ್ಕಮ್ಮನ ಜತೆ ಜಗಳ ಆಡಿದ್ರಿ."

ಅವಳ ಮುಖ ಟೊಮೆಟೊದಷ್ಟೇ ಕೆಂಪಾಯಿತು. ಊರಿಗೆಲ್ಲ ಮೂಗಿನ ಪ್ರತಾಪ ತೋರಿಸಿಕೊಂಡು ಬಂದವಳು, ಒಂದೇ ಚೀಸಿಗೆ ಮೂರು ಜಾತಕ ಬರೆದುಕೊಟ್ಟಿದ್ದಳು!

"ಶಾಲೆಯ ಚೀಲ ಕಾರ್ಖಾನೇದೇ ಚೀಸು," ಅವನು ನಿಧಾನವಾಗಿ ಹೇಳಿದ. "ನಿಮ್ಮ ಆ ಮಾತನ್ನ ಕದ್ದು ಹೇಳಿದ ಮೇಲೆ ಹೆದರಿಕೆ ಆಯ್ತು. ನಿಮ್ಮ ಮಾತನ್ನ ಎಷ್ಟು ನಂಬಬಹುದು ಅಂತ ನೋಡೋಕೆ ಒಂದೇ ಚೀಸನ್ನ ಎರಡು ಸಲ ತಂದೆ. ಎರಡನೇ ದಿನಾನೇ ಗೊತ್ತಾಯ್ತು, ನಿಮ್ಮ ಮೂಗು ಹೇಳೋದು ಚೀಸಿನ ಸುದ್ದಿ ಅಲ್ಲ, ನಿಮ್ಮ ಮನಸ್ಸಿನ ಸುದ್ದಿ. ಅದನ್ನ ನಂಬಿದ್ರೆ ಕಾರ್ಖಾನೆ ಮುಚ್ಚಬೇಕಾಗುತ್ತೆ! ಆಮೇಲಿಂದ ಗುರುವಾರ ನಿಮ್ಮ ಒಂದು ಮಾತನ್ನೂ ಹೇಳಿಲ್ಲ. ಬೆರಳಲ್ಲಿ ಒತ್ತಿ ನೋಡಿ, ಮಿಕ್ಕಿದ್ದನ್ನ ಹಿರಿಯರಿಗೇ ಬಿಟ್ಟೆ."

"ಎರಡನೇ ದಿನಾನೇ ಗೊತ್ತಾಯ್ತಲ್ಲ..." ಅವಳ ದನಿ ಸಣ್ಣದಾಯಿತು. "ಮತ್ತೆ ಮೂರನೇ ಸಲ ಯಾಕೆ ತಂದ್ರಿ?"

ಅವನು ಕೈಯಲ್ಲಿದ್ದ ಬ್ರೆಡ್ಡಿನ ತುಂಡನ್ನು ತಟ್ಟೆಯಲ್ಲಿಟ್ಟ. ಆಗ ಕಂಡವು ಅವನ ಅಂಗೈಗಳು. ಉಪ್ಪುನೀರಿಗೆ ಬಿರಿದು, ಗೆರೆಗೆರೆಯೂ ಕೆಂಪಗೆ ಬಾಯಿ ಬಿಟ್ಟಿದ್ದವು.

"ವಾಸನೆ ಹೋದ್ರೆ ಎಲ್ಲ ಗಾಜಿನ ಆಚೆ ನಡೀತಿರೋ ಹಾಗೆ ಇರುತ್ತೆ. ಮಳೆ ಬಂದ್ರೂ ಮಳೆ ಅಲ್ಲ, ಊಟ ಮಾಡಿದ್ರೂ ಊಟ ಅಲ್ಲ. ನೀವು ಕಣ್ಣು ಮುಚ್ಚಿ ಕಂಬಳಿ, ಪುಸ್ತಕ ಅಂತ ಹೇಳ್ತಿದ್ರಲ್ಲ, ಅಷ್ಟು ಹೊತ್ತು ನಾನೂ ಒಳಗೆ ಇರ್ತಿದ್ದೆ. ಸುಮ್ಮನೆ ನಿಮ್ಮನ್ನ ನೋಡೋಕೆ ಬಂದೆ ಅಂತ ಹೇಳೋ ಧೈರ್ಯ ಇರ್ಲಿಲ್ಲ. ಬಾಗಿಲು ತಟ್ಟೋಕೆ ನೆಪ ಬೇಕಿತ್ತು. ಚೀಸ್ ಬಿಟ್ರೆ ನನ್ನ ಹತ್ರ ಬೇರೆ ನೆಪ ಇರ್ಲಿಲ್ಲ."

ಇರುವೆಯ ಕಣ್ಣು ತುಂಬಿತು. ತುಂಬಿದ ಕಣ್ಣಲ್ಲೇ ನಗು ಬಂತು.

"ನಾನೂ ಪರೀಕ್ಷೆ ಮಾಡಿದ್ದೆ. ಅವತ್ತು ಜಾಯಿಕಾಯಿ ಹಾಕೇ ಇರ್ಲಿಲ್ಲ."

"ಹಾಕಿರ್ಲಿಲ್ವಾ?" ಅವನು ಹೌಹಾರಿದ. "ನಾನು ಘಮಘಮ ಅಂದೆನಲ್ಲ!"

"ಅಂದ್ರಿ! ತಲೆದೂಗಿ ಬೇರೆ ಅಂದ್ರಿ!"

ಇಬ್ಬರೂ ನಕ್ಕರು. ಅವನ ನಗು ಮೊದಲು ನಿಂತಿತು.

"ಈಗ ಮೂಗೂ ಇಲ್ಲ, ಬಿಳಿ ಕೋಟೂ ಇಲ್ಲ. ವಾಸನೆ ಇನ್ನು ಬರದೇನೇ ಹೋಗಬಹುದು. ಇರೋದು ಇಷ್ಟೇ ನಾನು. ಆದ್ರೂ ಕೇಳ್ತೀನಿ... ಯಾವ ನೆಪಾನೂ ಇಲ್ದೆ ನಿಮ್ಮ ಬಾಗಿಲು ತಟ್ಟಬಹುದಾ? ಇಷ್ಟ ನೀವು ನನಗೆ. ತುಂಬಾ ಇಷ್ಟ."

ಎಷ್ಟು ದಿನ ಎಷ್ಟು ಕಾಲರುಗಳನ್ನು ಮೂಸಿದರೂ ಸಿಗದ ಉತ್ತರ ಇದು. ಇದನ್ನು ಮೂಸಿ ನೋಡಲಾಗುವುದಿಲ್ಲ, ನಂಬಬೇಕು ಅಷ್ಟೇ. ಅವಳು ಬಾಗಿಲಲ್ಲಿ ನಿಂತೇ ಇದ್ದಳು. ಈಗ ಹೊಸ್ತಿಲು ದಾಟಿ ಒಳಗೆ ಬಂದಳು.

"ತಟ್ಟೋದು ಯಾಕೆ? ತೆರೆದೇ ಇರುತ್ತೆ."

ಎದುರು ಮನೆಯಿಂದ ಚಿಕ್ಕಮ್ಮನ ಕೂಗು ಕೇಳಿಸಿತು. "ಇರುವೆ! ಜಗಳ ಮುಗೀತಾ? ನಾನು ಊಟಕ್ಕೆ ಕೂರಲಾ, ಕಾಯಲಾ?"

"ನೀನು ಊಟ ಮಾಡು ಚಿಕ್ಕಮ್ಮ!"

"ಹಾಗಾದ್ರೆ ಮುಗೀತು!" ಎಂದಿತು ಆ ದನಿ, ಬಹಳ ತೃಪ್ತಿಯಿಂದ.

ಇರುವೆ ಬಟ್ಟೆಯ ತೋಳು ಮೇಲಕ್ಕೆ ಮಡಚಿ ಒಲೆಯ ಮೇಲೆ ನೀರಿಟ್ಟಳು. ಅವನು ಸಹಾಯಕ್ಕೆ ಬಂದರೆ ಕುರ್ಚಿ ತೋರಿಸಿದಳು.

"ಒಂದು ಕೇಳ್ತೀನಿ. ಸುಳ್ಳು ಹೇಳಬಾರದು."

"ಇಲ್ಲ."

"ತಿನ್ನುವಾಗ ಏನೇನು ಗೊತ್ತಾಗುತ್ತೆ?"

ಇಂಥ ಪ್ರಶ್ನೆಯನ್ನು ಯಾರೂ ಅವನಿಗೆ ಕೇಳಿರಲಿಲ್ಲ. ಏನು ಹೋಯಿತೆಂದು ಕೇಳಿದವರಿದ್ದರು, ಏನು ಉಳಿದಿದೆ ಎಂದಲ್ಲ. ಅವನು ಯೋಚಿಸಿ ಯೋಚಿಸಿ ಹೇಳಿದ.

"ಉಪ್ಪು ಗೊತ್ತಾಗುತ್ತೆ. ಹುಳಿ ಚೆನ್ನಾಗಿ ಗೊತ್ತಾಗುತ್ತೆ. ಖಾರ ಚುರುಕ್ ಅನ್ನುತ್ತೆ. ಬಿಸಿ, ತಣ್ಣಗೆ. ಗರಿಗರಿ, ಮೆತ್ತಗೆ. ಅಷ್ಟೇ."

"ಅಷ್ಟೇ ಅಂತೆ," ಎಂದಳು ಅವಳು ಮೆಲ್ಲನೆ. "ಇನ್ನೆಷ್ಟು ಬೇಕು?"

ಟೊಮೆಟೊದಲ್ಲಿ ಅರ್ಧವನ್ನು ಬೆಳ್ಳುಳ್ಳಿಯ ಜತೆ ಬೇಯಿಸಿದಳು. ಇನ್ನರ್ಧವನ್ನು ಹುಳಿ ಕಳೆಯದಂತೆ ಹಸಿಯಾಗಿಯೇ ಹೆಚ್ಚಿಟ್ಟಳು. ಒಣ ಮೆಣಸಿನಕಾಯಿ ಮುರಿದು ಎಣ್ಣೆಗೆ ಹಾಕಿದಳು. ಅವನು ತಿನ್ನದೆ ಬಿಟ್ಟ ಬ್ರೆಡ್ಡನ್ನು ಪುಡಿ ಮಾಡಿ, ಹೊಂಬಣ್ಣ ಬಂದು ಗರಗರ ಎನ್ನುವವರೆಗೆ ಹುರಿದಳು. ಪಾಸ್ತಾವನ್ನು ಹಲ್ಲಿಗೆ ಸಿಗುವ ಹಾಗೆ ಸ್ವಲ್ಪ ಬಿಗಿಯಾಗಿಯೇ ಇಳಿಸಿ, ಎಲ್ಲವನ್ನೂ ಒಂದು ಸೌಟು ಬಿಸಿನೀರಿನೊಡನೆ ಕಲಸಿದಳು. ಎಳೆ ಎಳೆಯಾಗಿ ಜಗ್ಗುವಷ್ಟು ಚೀಸ್ ಹಾಕಿ, ಬಟ್ಟಲಿಗೆ ಬಡಿಸಿ, ಮೇಲೆ ಆ ಗರಿಗರಿ ಪುಡಿ ಉದುರಿಸಿದಳು.

ಅವನು ಎರಡು ಕೈಯನ್ನೂ ಮುಂದೆ ಚಾಚಿದ.

"ತಡಿ," ಎಂದಳು.

ಬಿರಿದ ಆ ಅಂಗೈಗಳಿಗೆ ಬಿಸಿ ತಾಗದ ಹಾಗೆ, ಒಂದು ಮೆತ್ತನೆಯ ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ ಬಟ್ಟಲಿನ ಕೆಳಗಿಟ್ಟಳು. ಆಮೇಲೆ ಅದನ್ನು ಅವನ ಕೈಗೆ ಕೊಟ್ಟಳು.